ರೋಲರ್ ಓಡಿಸಿದ ಮೈದಾನ

ಆ ವರ್ಷದ ಆಗಸ್ಟ್‌ನಲ್ಲಿ ನಮ್ಮ ಕಾಲೇಜಿನ ಫುಟ್‌ಬಾಲ್ ಮೈದಾನದಷ್ಟು ನುಣುಪಾದ ಮೈದಾನ ಡೆಟ್ರಾಯಿಟ್ ಸುತ್ತಮುತ್ತ ಇನ್ನೊಂದಿರಲಿಲ್ಲ. ಕೇರಂ ಬೋರ್ಡಿನ ಹಾಗೆ ಮಾಡಿಟ್ಟಿದ್ದೆ. ತಂಡದ ಕೋಚ್ ಬಂದು ಅದರ ಮೇಲೆ ಒಂದು ಸುತ್ತು ನಡೆದರು, ಹಿಮ್ಮಡಿಯಿಂದ ಕುಟ್ಟಿ ನೋಡಿದರು, ನನ್ನ ಬೆನ್ನು ತಟ್ಟಿ, "ಪ್ರೊಫೆಸರ್, ಈ ನೆಲದ ಮೇಲೆ ನನ್ನ ಓಟದ ಹುಡುಗ ಹಾರುತ್ತಾನೆ" ಎಂದರು. ನಾನು ಪ್ರೊಫೆಸರ್ ಆಗಿರಲಿಲ್ಲ. ಧಾರವಾಡದಲ್ಲಿ ಕೃಷಿ ಓದಿ, ಇಲ್ಲಿಗೆ ಬಂದು ಮಣ್ಣಿನ ವಿಜ್ಞಾನದಲ್ಲಿ ಎಂ.ಎಸ್. ಮುಗಿಸಿ, ಎಲ್ಲೂ ಕೆಲಸ ಸಿಗದೆ ಆ ಸಣ್ಣ ಕಾಲೇಜಿನ ಹುಲ್ಲು, ಮರ, ಚಳಿಗಾಲದ ಹಿಮ ಇವುಗಳ ಉಸ್ತುವಾರಿಗೆ ಸೇರಿಕೊಂಡವನು. ಊರಿಗೆ ಪತ್ರ ಬರೆಯುವಾಗ ಕೆಲಸ ಏನೆಂದು ವಿವರಿಸುವುದೇ ಕಷ್ಟವಾಗಿತ್ತು. ಹುಲ್ಲು ಬೆಳೆಸುತ್ತೇನೆ ಎಂದರೆ ದನ ಎಷ್ಟು ಕಟ್ಟಿದ್ದೀ ಎಂದು ಕೇಳುವ ಜನ ನಮ್ಮವರು.

ಅಮೆರಿಕದ ಫುಟ್‌ಬಾಲ್ ಹೆಸರಿಗಷ್ಟೇ ಕಾಲಿನ ಆಟ. ಚೆಂಡು ಕಾಲಿಗೆ ತಾಗುವುದೇ ಅಪರೂಪ. ಮೊಟ್ಟೆಯಾಕಾರದ ಆ ಚೆಂಡನ್ನು ಕಂಕುಳಲ್ಲಿ ಅವುಚಿಕೊಂಡು ಎದುರಾಳಿಗಳ ಕೊನೆಯ ಗೆರೆಯವರೆಗೆ ಓಡಬೇಕು, ಅವರು ಹಿಡಿದು ಕೆಡವಬೇಕು. ನಾಲ್ಕು ಸಲ ಬೀಳುವುದರೊಳಗೆ ಹತ್ತು ಗಜ ಮುಂದೆ ಹೋಗದಿದ್ದರೆ ಚೆಂಡು ಅವರ ಪಾಲು. ನಮ್ಮ ತಂಡದ ಬಲವೆಲ್ಲ ಒಬ್ಬನೇ ಹುಡುಗನ ಕಾಲಲ್ಲಿತ್ತು. ಗಾತ್ರದಲ್ಲಿ ಸಣ್ಣವನು, ಡೆಟ್ರಾಯಿಟ್ ನಗರದ ಒಳಗಿನಿಂದ ಬಂದವನು. ಚೆಂಡು ಸಿಕ್ಕಿದ ತಕ್ಷಣ ಮೈದಾನದ ಅಂಚಿಗೆ ಹಾರಿ, ಅಲ್ಲಿ ಒಂದೇ ಕಾಲಿನ ಮೇಲೆ ತಿರುಗಿ ಬಾಣದಂತೆ ನುಗ್ಗುತ್ತಿದ್ದ. ಕೋಚ್ ಅವನನ್ನು ನಂಬಿಯೇ ಸೆಪ್ಟೆಂಬರಿನಿಂದ ನವೆಂಬರಿನವರೆಗಿನ ಇಡೀ ಋತುವಿನ ಆಟ ಕಟ್ಟಿದ್ದರು.

ಆ ಋತು ಬೇರೆ ಋತುಗಳ ಹಾಗಿರಲಿಲ್ಲ. ಕಾಲೇಜಿನ ಟ್ರಸ್ಟಿಗಳು ಬೇಸಿಗೆಯಲ್ಲೇ ತೀರ್ಮಾನ ಮಾಡಿಟ್ಟಿದ್ದರು: ಫುಟ್‌ಬಾಲ್ ತಂಡ ಸಾಕುವುದು ಭಾರವಾಗಿದೆ, ಈ ಸಲದ ಒಂಬತ್ತು ಆಟಗಳಲ್ಲಿ ಅರ್ಧಕ್ಕಿಂತ ಹೆಚ್ಚು ಗೆದ್ದರೆ ತಂಡ ಉಳಿಯುತ್ತದೆ, ಇಲ್ಲವಾದರೆ ಮುಂದಿನ ವರ್ಷದಿಂದ ಇಲ್ಲ. ತಂಡ ಹೋದರೆ ಆ ಹುಡುಗರಲ್ಲಿ ಬಹಳ ಜನರ ಓದೂ ಅಲ್ಲಿಗೇ ನಿಲ್ಲುತ್ತಿತ್ತು, ಆಟದ ಮೇಲೆಯೇ ಸೀಟು ಸಿಕ್ಕವರು ಅವರು. ಕೋಚ್ ಇದನ್ನು ನನಗೆ ಹೇಳಿದ್ದು ಮೈದಾನದ ಬೇಲಿಗೆ ಒರಗಿ, ಹವಾಮಾನ ಹೇಳುವ ದನಿಯಲ್ಲಿ. ಹಾಗಾಗಿ ನೆಲ ಚೆನ್ನಾಗಿರಬೇಕು ಎಂದರು. ನಾನು ಅದಕ್ಕಾಗಲೇ ಏರ್ಪಾಟು ಮಾಡಿಯಾಗಿತ್ತು.

ಏರ್ಪಾಟು ಎಂದರೆ ರೋಲರ್. ಧಾರವಾಡದಲ್ಲಿ ನಾನು ಕಾಲೇಜು ಕ್ರಿಕೆಟ್ ತಂಡದಲ್ಲಿದ್ದೆ. ಆಡಿದ್ದಕ್ಕಿಂತ ಪಿಚ್ಚು ನೋಡಿಕೊಂಡಿದ್ದೇ ಹೆಚ್ಚು. ಒಳ್ಳೆಯ ನೆಲ ಎಂದರೆ ಗಟ್ಟಿ ನೆಲ ಎಂಬುದು ನಮ್ಮ ರಕ್ತದಲ್ಲೇ ಇತ್ತು. ನೀರು ಹಾಕು, ಒಣಗಲು ಬಿಡು, ಕಲ್ಲಿನ ರೋಲರ್ ಎಳಿ, ಮತ್ತೆ ನೀರು ಹಾಕು. ಚೆಂಡು ಬಿದ್ದರೆ ಟಣ್ ಎನ್ನಬೇಕು. ಇಲ್ಲಿ ನೋಡಿದರೆ ಹಿಂದಿನ ಮೇಲ್ವಿಚಾರಕ ಮೈದಾನವನ್ನು ಹಾಸಿಗೆಯ ಹಾಗೆ ಮೆತ್ತಗೆ ಬಿಟ್ಟು ನಿವೃತ್ತನಾಗಿದ್ದ. ಏನು ಸೋಮಾರಿತನ ಎಂದುಕೊಂಡೆ. ಹತ್ತಿರದ ರಸ್ತೆ ಗುತ್ತಿಗೆದಾರನಿಂದ ಡಾಂಬರಿನ ಮೇಲೆ ಓಡಿಸುವ ರೋಲರನ್ನೇ ತರಿಸಿ, ಜುಲೈ ಉದ್ದಕ್ಕೂ ನೀರು ಬಿಟ್ಟು ಉರುಳಿಸಿದೆ. ಎಂ.ಎಸ್. ಮಾಡಿದವನ ತಲೆಯನ್ನು ಅವನೊಳಗಿನ ಹತ್ತೊಂಬತ್ತು ವರ್ಷದ ಕ್ರಿಕೆಟ್ ಹುಚ್ಚ ಎಷ್ಟು ಸುಲಭವಾಗಿ ಆಳುತ್ತಾನೆ ಎಂದು ಈಗ ನಗು ಬರುತ್ತದೆ. ಆಗ ನಗುವಂಥದ್ದೇನೂ ಇರಲಿಲ್ಲ.

ಮೊದಲ ಆಟ ನಮ್ಮ ಮೈದಾನದಲ್ಲೇ, ಬಿಸಿಲಲ್ಲಿ ನಡೆಯಿತು. ಹುಡುಗ ನಿಜಕ್ಕೂ ಹಾರಿದ, ಗೆದ್ದೆವು. ಬಿದ್ದವರೆಲ್ಲ ಭುಜ, ಮೊಣಕೈ ಹಿಡಿದುಕೊಂಡು ಏಳುತ್ತಿದ್ದದ್ದು ನನ್ನ ಕಣ್ಣಿಗೆ ಬಿತ್ತಾದರೂ ಮನಸ್ಸಿಗೆ ಬೀಳಲಿಲ್ಲ. ಆಮೇಲೆ ಮಳೆ ಹಿಡಿಯಿತು. ಊರಿನ ಮಳೆಯ ಹಾಗೆ ಸುರಿದು ಹೋಗುವುದಲ್ಲ, ದಿನಗಟ್ಟಲೆ ಜಿನುಗುವ ಮಳೆ. ಎರಡನೆಯ ಆಟದ ಬೆಳಿಗ್ಗೆ ಹೋಗಿ ನೋಡಿದರೆ ನನ್ನ ಕೇರಂ ಬೋರ್ಡಿನ ಮೇಲೆ ನೀರು ನಿಂತು ಮೋಡದ ಬಿಂಬ ಕಾಣಿಸುತ್ತಿತ್ತು. ಒಂದು ತೊಟ್ಟೂ ಒಳಗೆ ಇಳಿದಿರಲಿಲ್ಲ. ರಬ್ಬರ್ ಪಟ್ಟಿಯ ಸ್ಕ್ವೀಜಿ, ಬಕೆಟ್, ಸ್ಪಂಜು, ಕೈಗೆ ಸಿಕ್ಕಿದ್ದರಲ್ಲೆಲ್ಲ ನೀರು ತಳ್ಳಿದೆವು. ಆಟ ಶುರುವಾಗಿ ಸ್ವಲ್ಪ ಹೊತ್ತಿಗೆ ಮೇಲಿನ ಹುಲ್ಲು ಕಿತ್ತು ಹೋಗಿ ಕೆಳಗಿನ ಜೇಡಿ ಸೋಪಿನ ಹಾಗೆ ಜಾರತೊಡಗಿತು. ಹುಡುಗ ಅಂಚಿಗೆ ಓಡುತ್ತಾನೆ, ತಿರುಗಲು ಕಾಲೂರುತ್ತಾನೆ, ಕಾಲು ಹೋಗಿಬಿಡುತ್ತದೆ. ಪ್ರತಿ ಸಲವೂ ಯಾರೂ ಮುಟ್ಟದೆಯೇ ಬೀಳುತ್ತಿದ್ದ. ಸೋತೆವು. ಮುಂದಿನ ವಾರ ಎದುರಾಳಿಗಳ ಮೈದಾನದಲ್ಲಿ ಆಡಿ ಅಲ್ಲೂ ಸೋತರು, ಅದರ ಮುಂದಿನ ವಾರ ಮತ್ತೆ ನಮ್ಮ ಕೆಸರಿನಲ್ಲೇ ಸೋತರು.

ಇಷ್ಟಾಗುವಾಗ ಕಾಲೇಜಿನಲ್ಲಿ ಎಲ್ಲರೂ ಮಣ್ಣಿನ ಪಂಡಿತರಾಗಿದ್ದರು. ಕ್ರೀಡಾ ವಿಭಾಗದ ನಿರ್ದೇಶಕರು ನನ್ನನ್ನು ಕೇಳದೆ ಲಾರಿಗಟ್ಟಲೆ ಮರಳು ತರಿಸಿ ಗೇಟಿನಲ್ಲಿ ನಿಲ್ಲಿಸಿದರು. ಜೇಡಿಯ ಮೇಲೆ ಮರಳು ಸುರಿದು ತುಳಿದರೆ ಇಟ್ಟಿಗೆಯಾಗುತ್ತದೆ, ಬೇಡ ಎಂದೆ. ಹಾಗಾದರೆ ನಿಮ್ಮ ಬಳಿ ಏನಿದೆ ಎಂದು ಕೇಳಿದರು. ಮರಳಿನ ಲಾರಿಯನ್ನು ವಾಪಸ್ ಕಳಿಸಿದ ಕೋಪ ಅವರಿಗೂ, ಉತ್ತರ ಗೊತ್ತಿಲ್ಲದ ಕೋಪ ನನಗೂ ಉಳಿಯಿತು. ಮನೆಗೆ ಬಂದು ಹೆಂಡತಿಯ ಮೇಲೆ ರೇಗುತ್ತಿದ್ದೆ. ಕೆಲಸ ಹೋದರೆ ವೀಸಾ ಏನಾಗುತ್ತದೆ ಎಂದು ಅವಳು ಒಂದೇ ಸಲ ಕೇಳಿದಳು, ನಾನು ಊಟ ಬಿಟ್ಟು ಎದ್ದದ್ದು ನೋಡಿ ಮತ್ತೆ ಕೇಳಲಿಲ್ಲ.

ಐದನೆಯ ಆಟ ಶಿಕಾಗೋದ ಪಶ್ಚಿಮಕ್ಕಿರುವ ಒಂದು ಉಪನಗರದ ಕಾಲೇಜಿನ ಜೊತೆ, ಅವರ ಮೈದಾನದಲ್ಲಿ. ಕೋಚ್ ನನ್ನನ್ನೂ ಬಸ್ಸಿಗೆ ಹತ್ತಿಸಿಕೊಂಡರು. ಅವರಿಗೂ ಇದೇ ಜೇಡಿ, ಇದೇ ಮಳೆ, ಅವರದು ಹೇಗಿದೆ ನೋಡು ಎಂದರು. ಹಿಂದಿನ ದಿನವೆಲ್ಲ ಅಲ್ಲಿ ಮಳೆ ಬಂದಿತ್ತು. ಆದರೂ ಮೈದಾನದಲ್ಲಿ ನೀರಿರಲಿಲ್ಲ. ಹುಡುಗರು ಬಟ್ಟೆ ಬದಲಾಯಿಸುವಾಗ ನಾನು ಹುಲ್ಲಿನ ನಡುವೆ ಹೋಗಿ, ಜೇಬಿನಲ್ಲಿ ಸದಾ ಇರುತ್ತಿದ್ದ ಉದ್ದನೆಯ ಸ್ಕ್ರೂಡ್ರೈವರನ್ನು ನೆಲಕ್ಕೆ ಚುಚ್ಚಿದೆ. ಬೆಣ್ಣೆಗೆ ಚುಚ್ಚಿದ ಹಾಗೆ ಹಿಡಿಯವರೆಗೂ ಇಳಿಯಿತು. ನಾಲ್ಕು ಕಡೆ ಚುಚ್ಚಿದೆ, ನಾಲ್ಕು ಕಡೆಯೂ ಅಷ್ಟೇ. ನಮ್ಮ ಮೈದಾನದಲ್ಲಿ ಅದೇ ಸ್ಕ್ರೂಡ್ರೈವರ್ ಉಗುರಿನಷ್ಟೂ ಇಳಿಯುತ್ತಿರಲಿಲ್ಲ, ಆಗಸ್ಟ್‌ನಲ್ಲಿ ಅದನ್ನೇ ಹೆಮ್ಮೆಯಿಂದ ಎಲ್ಲರಿಗೂ ತೋರಿಸಿದ್ದೆ. ಅಲ್ಲೇ ಹುಲ್ಲಿನ ಮೇಲೆ ಕೂತುಬಿಟ್ಟೆ. ರೋಲರ್ ಉರುಳಿದ ಸದ್ದು ಕಿವಿಯಲ್ಲಿ ಕೇಳಿಸಿದಂತಾಯಿತು.

ಆ ಆಟ ಗೆದ್ದೆವು. ಹುಡುಗ ಅಂಚಿನಲ್ಲಿ ಕಾಲೂರಿದ, ಕಾಲು ನಿಂತಿತು, ತಿರುಗಿ ಓಡಿದ. ವಾಪಸ್ ಬರುವ ಬಸ್ಸಿನಲ್ಲಿ ಹುಡುಗರೆಲ್ಲ ಹಾಡುತ್ತಿದ್ದರು. ಕೋಚ್ ನನ್ನ ಪಕ್ಕದಲ್ಲಿ ಕೂತು, ಅಲ್ಲಿ ಓಡಿದವನು ನಮ್ಮ ಮೈದಾನದಲ್ಲಿ ಯಾಕೆ ಓಡಲಾರ ಎಂದು ಕೇಳಿದರು. ನಾನು ಹೇಳಿದೆ. ಕ್ರಿಕೆಟ್ಟಿಗೆ ಬೇಕಾದ ನೆಲವನ್ನು ನಿಮಗೆ ಮಾಡಿಕೊಟ್ಟಿದ್ದೇನೆ, ಮಣ್ಣಿನೊಳಗೆ ಗಾಳಿಗೂ ನೀರಿಗೂ ಜಾಗವಿಲ್ಲ, ಬೇರು ಒಂದಂಗುಲ ಇಳಿದು ಅಲ್ಲಿಂದ ಅಡ್ಡಕ್ಕೆ ತಿರುಗಿದೆ, ಮಾಡಿದವನು ನಾನೇ ಎಂದೆ. ಅವರು ಕಿಟಕಿಯ ಹೊರಗೆ ನೋಡುತ್ತಾ ಕೂತರು. ಇಂಡಿಯಾನಾದ ಉಕ್ಕಿನ ಕಾರ್ಖಾನೆಗಳು ಹೊಗೆ ಬಿಡುತ್ತಾ ಹಿಂದೆ ಸರಿದವು. ಬೈಯುತ್ತಾರೆಂದು ಕಾದೆ, ಬೈದಿದ್ದರೆ ಎಷ್ಟೋ ಹಗುರವಾಗುತ್ತಿತ್ತು.

"ಆ ಗಟ್ಟಿ ನೆಲ ಬಿಚ್ಚುವುದು ಹೇಗೆ?" ಎಂದಷ್ಟೇ ಕೇಳಿದರು.

ಅಲ್ಲಿಂದ ಮುಂದಿನ ಮೂರು ಆಟ ಹೊರಗಡೆ, ಕೊನೆಯದು ನಮ್ಮಲ್ಲಿ. ನಡುವೆ ನಾಲ್ಕು ವಾರ ಸಿಗುತ್ತಿತ್ತು. ನಾನು ಕೇಳಿದ್ದು ಎರಡು: ಆ ನಾಲ್ಕು ವಾರ ಯಾರೂ ಮೈದಾನಕ್ಕೆ ಕಾಲಿಡಬಾರದು, ಅಭ್ಯಾಸವನ್ನೂ ಬೇರೆ ಕಡೆ ಮಾಡಬೇಕು. ಮತ್ತು ನಾನು ಅದನ್ನು ತೂತು ತೂತು ಮಾಡಿ ಹಾಳುಗೆಡಹುವಾಗ ಯಾರೂ ತಡೆಯಬಾರದು. ಕೋಚ್ ಎರಡಕ್ಕೂ ಒಪ್ಪಿದರು. ತಂಡ ಪಾರ್ಕಿಂಗ್ ಜಾಗದಲ್ಲಿ ಅಭ್ಯಾಸ ಮಾಡತೊಡಗಿತು, ಬಿದ್ದರೆ ಮೊಣಕಾಲು ತರಚುವ ಜಾಗ. ನಿರ್ದೇಶಕರು ತಲೆ ಹಿಡಿದುಕೊಂಡರು.

ಜೇಡಿ ಮಣ್ಣಿಗೆ ಹದ ಎಂಬುದಿದೆ. ನಮ್ಮ ಕಡೆಯ ಎರೆಮಣ್ಣು ನೋಡಿದವರಿಗೆ ಇದು ಗೊತ್ತು. ತೀರಾ ಹಸಿ ಇದ್ದಾಗ ಮುಟ್ಟಿದರೆ ಮುದ್ದೆಯಾಗುತ್ತದೆ, ಒಣಗಿದಾಗ ಮುಟ್ಟಿದರೆ ಕಲ್ಲು. ಇವೆರಡರ ನಡುವೆ ಒಂದೋ ಎರಡೋ ದಿನ ಕೈಗೆ ಸಿಗುತ್ತದೆ. ಬೆಳಿಗ್ಗೆ ಹೋಗಿ ಒಂದು ಹಿಡಿ ಮಣ್ಣು ಹಿಂಡಿ ನೋಡುತ್ತಿದ್ದೆ: ಉಂಡೆಯಾಗಬೇಕು, ಬೆರಳು ತಾಗಿಸಿದರೆ ಉದುರಬೇಕು. ಕೊನೆಗೆ ಒಂದು ಸೋಮವಾರ ಉದುರಿತು. ಮಣ್ಣನ್ನು ಕೊಳವೆ ಕೊಳವೆಯಾಗಿ ಕಿತ್ತು ತೆಗೆಯುವ ಯಂತ್ರವನ್ನು ಗಾಲ್ಫ್ ಮೈದಾನದವರಿಂದ ತರಿಸಿದ್ದೆ. ಅದರ ಹಲ್ಲುಗಳು ನನ್ನ ರೋಲರಿನ ಕೆಲಸಕ್ಕೆ ತಾಗಿ ಒಂದೊಂದಾಗಿ ಬಾಗಿದವು, ಅರ್ಧ ಮೈದಾನ ದಾಟುವ ಮೊದಲೇ ಯಂತ್ರ ಕೂತಿತು. ಹದ ಮಾತ್ರ ಕಾಯುವುದಿಲ್ಲ, ಬುಧವಾರಕ್ಕೆ ಮತ್ತೆ ಮಳೆ ಎಂದು ರೇಡಿಯೋ ಹೇಳುತ್ತಿತ್ತು.

ಕೋಚ್ ಬಂದು ಯಂತ್ರ ನೋಡಿದರು, ನನ್ನ ಮುಖ ನೋಡಿದರು, ಹೋದರು. ಸ್ವಲ್ಪ ಹೊತ್ತಿಗೆ ಇಡೀ ತಂಡ ಮೈದಾನಕ್ಕೆ ಇಳಿಯಿತು. ಊರಿನ ಹಾರ್ಡ್‌ವೇರ್ ಅಂಗಡಿಗಳಲ್ಲಿ ಸಿಕ್ಕಷ್ಟು ಮಣ್ಣು ಅಗೆಯುವ ಕಬ್ಬಿಣದ ಹಲ್ಲಿನ ಗಾರ್ಡನ್ ಫೋರ್ಕ್‌ಗಳನ್ನು ಕೋಚ್ ತರಿಸಿದ್ದರು. ಮುಂದಿನ ಸಾಲಿನಲ್ಲಿ ಆಡುವ, ಬಾಗಿಲಿನಷ್ಟು ಅಗಲದ ಹುಡುಗರು ಸಾಲಾಗಿ ನಿಂತು ಫೋರ್ಕ್ ಚುಚ್ಚಿ, ಮೇಲೆ ಹತ್ತಿ ನಿಂತು, ಹಿಂದಕ್ಕೆ ಅಲುಗಿಸಿ ಎತ್ತಿದರು. ಫೋರ್ಕ್ ಸಿಗದವರು ಮಂಡಿಯೂರಿ ಕೂತು ಕಬ್ಬಿಣದ ಸಲಾಕೆ ಹೊಡೆದರು. ಓಟದ ಹುಡುಗನಿಗೆ ನಾನು ಅಂಚಿನ ಪಟ್ಟಿ ಕೊಟ್ಟೆ, ಅವನು ಯಾವಾಗಲೂ ಬೀಳುತ್ತಿದ್ದ ಜಾಗ. ಸಂಜೆಯ ಹೊತ್ತಿಗೆ ಅವನ ಅಂಗೈ ಬೊಬ್ಬೆ ಒಡೆದಿತ್ತು. ಬಿಡು ಸಾಕು ಎಂದೆ. ತನ್ನ ಜಾಗ ತಾನೇ ಮುಗಿಸುತ್ತೇನೆ ಎಂದು ಬಟ್ಟೆ ಸುತ್ತಿಕೊಂಡ. ಮಂಗಳವಾರವೂ ಚುಚ್ಚಿದರು. ಬುಧವಾರ ಮಳೆ ಬಂದಾಗ ನಾನೂ ಕೋಚೂ ಕೊಡೆ ಹಿಡಿದು ನಿಂತು ನೋಡಿದೆವು. ನೀರು ತೂತುಗಳಲ್ಲಿ ಗುಳುಗುಳು ಎಂದು ಇಳಿಯುತ್ತಿತ್ತು.

ನೆಲ ಬಿಚ್ಚಿತು, ಹುಲ್ಲು ಎಲ್ಲಿ? ನಡುವಿನ ಭಾಗ ಬೋಳು ಬೋಳಾಗಿತ್ತು. ಅಕ್ಟೋಬರ್ ಅರ್ಧ ಕಳೆದಿದೆ, ಬೆಳಿಗ್ಗೆ ಮಣ್ಣು ಇಲ್ಲಿನ ಫ್ಯಾರನ್‌ಹೀಟ್ ಲೆಕ್ಕದಲ್ಲಿ ನಲವತ್ತೈದು ಡಿಗ್ರಿ ಇರುತ್ತದೆ, ಆ ಚಳಿಯಲ್ಲಿ ರೈ ಹುಲ್ಲಿನ ಬೀಜ ಕಣ್ಣು ಬಿಡುವಷ್ಟರಲ್ಲಿ ಋತುವೇ ಮುಗಿಯುತ್ತದೆ. ಇದೇ ಯೋಚನೆಯಲ್ಲಿ ಅಡಿಗೆಮನೆಗೆ ಹೋದವನಿಗೆ ಗ್ಯಾಸ್ ಒವನ್ನಿನ ಬಾಗಿಲು ಅರೆ ತೆರೆದದ್ದು ಕಾಣಿಸಿತು. ಒಳಗೆ ಸದಾ ಉರಿಯುವ ಸಣ್ಣ ಪೈಲಟ್ ದೀಪದ ಬಿಸಿಯಲ್ಲಿ, ಹೆಂಡತಿ ಒದ್ದೆ ಬಟ್ಟೆಯಲ್ಲಿ ಮಡಿಕೆಕಾಳು ಮೊಳಕೆಗೆ ಕಟ್ಟಿಟ್ಟಿದ್ದಳು. ಧಾರವಾಡದಲ್ಲಿ ಒಲೆಯ ಮಗ್ಗುಲಲ್ಲಿ ಇಡುತ್ತಿದ್ದ ಗಂಟು ಇಲ್ಲಿ ಒವನ್ ಸೇರಿತ್ತು. ಗಂಟು ಬಿಚ್ಚಿ ನೋಡಿದೆ, ಬೆಳ್ಳಗೆ ಬಾಲ ಬಂದಿತ್ತು.

"ಇದ್ರಾಗ ಹುಲ್ಲಿನ ಬೀಜಾ ಕಟ್ಟಿಟ್ರ ಹೆಂಗ?" ಎಂದೆ.

"ನಿಮ್ಮ ಮೈದಾನದ ಹುಚ್ಚು ನನ್ನ ಒವನ್ನಿಗೆ ಹತ್ತಸಬ್ಯಾಡ್ರಿ," ಎಂದಳು. ಆಮೇಲೆ ತಾನೇ ಒಂದು ಹಳೆಯ ಪಂಚೆ ಹರಿದು ಕೊಟ್ಟಳು. "ನೀರು ದಿನಾ ಎರಡ ಸರ್ತಿ ಬದಲಿ ಮಾಡ್ರಿ, ಇಲ್ಲಂದ್ರ ವಾಸನಿ ಹಿಡಿತಾವ."

ಒಂದು ಹಿಡಿ ಬೀಜ ಆ ಪಂಚೆಯ ತುಂಡಿನಲ್ಲಿ ಮೂರೇ ದಿನಕ್ಕೆ ಬಾಲ ಬಿಟ್ಟಿತು. ಮರುದಿನವೇ ಕಾಲೇಜಿನ ಬಾಯ್ಲರ್ ಕೋಣೆಯಲ್ಲಿ ಪೀಪಾಯಿಗಳಲ್ಲಿ ಬೀಜ ನೆನೆಹಾಕಿ, ಗೋಣಿಚೀಲಕ್ಕೆ ತುಂಬಿ ಪೈಪುಗಳ ಪಕ್ಕ ಸಾಲಾಗಿ ಇಟ್ಟೆ. ಮೊಳಕೆ ತೀರಾ ಉದ್ದವಾಗುವ ಮೊದಲೇ ಎರಚಬೇಕು, ಇಲ್ಲವಾದರೆ ಮುರಿಯುತ್ತದೆ. ಒಣ ಮಣ್ಣಿನ ಪುಡಿಯಲ್ಲಿ ಕಲಸಿ, ಕೈಯಿಂದಲೇ, ಹಿಮ್ಮುಖವಾಗಿ ನಡೆಯುತ್ತಾ ಬೋಳಾದ ಕಡೆಗೆಲ್ಲ ಎರಚಿದೆವು. ಮೇಲೆ ಹೊದಿಸಲು ಪ್ಲಾಸ್ಟಿಕ್ ಹಾಳೆ ಬೇಕಿತ್ತು. ವೆಸ್ಟ್ ಬ್ಲೂಮ್‌ಫೀಲ್ಡ್ ಕಡೆ ಇದ್ದ ಮೈಸೂರಿನ ಗೆಳೆಯರೊಬ್ಬರು ಕಾರಿನ ಕಂಪನಿಯಲ್ಲಿ ಎಂಜಿನಿಯರ್. ಯಂತ್ರಗಳ ಮೇಲೆ ಹೊದಿಸಿ ಬಿಸಾಡುವ ಹಾಳೆಗಳನ್ನು ತಮ್ಮ ಸ್ಟೇಷನ್ ವ್ಯಾಗನ್ ತುಂಬ ತಂದು ಇಳಿಸಿದರು.

"ಅಲ್ಲ ಸ್ವಾಮಿ, ಎಂ.ಎಸ್. ಮಾಡಿ ಹುಲ್ಲಿಗೆ ಹೊದಿಕೆ ಹೊದಿಸ್ತಾ ಇದೀರಲ್ಲ," ಎಂದರು. "ಊರಲ್ಲಿ ಗೊತ್ತಾದ್ರೆ ಹೆಣ್ಣು ಕೊಟ್ಟೋರು ಬಂದು ವಾಪಸ್ ಕರ್ಕೊಂಡ್ ಹೋಗ್ತಾರೆ."

ಹೀಗೆ ನಗಿಸಿದರೂ ಇಡೀ ಭಾನುವಾರ ನನ್ನ ಜೊತೆ ಹಾಳೆಯ ಅಂಚಿಗೆ ಗೂಟ ಹೊಡೆದರು. ವಾರದೊಳಗೆ ಹಾಳೆಯ ಕೆಳಗೆ ಹಸಿರು ಮಂಜಿನ ಹಾಗೆ ಹುಲ್ಲು ಕಾಣಿಸಿತು. ನನಗೆ ಅಳು ಬಂತು, ಬಂದದ್ದನ್ನು ಹೇಳಲು ನಾಚಿಕೆ ಇಲ್ಲ.

ಅದು ಬಂದ ವಾರವೇ ಕಾಲೇಜಿನ ಬ್ಯಾಂಡ್ ತಂಡ ಮೈದಾನಕ್ಕೆ ನುಗ್ಗಿತು. ಕೊನೆಯ ಆಟದ ಮಧ್ಯಂತರಕ್ಕೆ ಅವರ ಕವಾಯತು ಇರುತ್ತದೆ. ಗೇಟಿಗೆ ನಾನು ಬೀಗ ಹಾಕಿದ್ದೆ, ಬ್ಯಾಂಡ್ ಮಾಸ್ತರರ ಬಳಿ ಇನ್ನೊಂದು ಕೀಲಿ ಇದ್ದದ್ದು ನನಗೆ ಗೊತ್ತಿರಲಿಲ್ಲ. ನೆಲ ನೋಡಲಿಕ್ಕೆಂದು ಬಿಸಿಲಿದ್ದ ದಿನ ಹಾಳೆ ತೆಗೆದಿದ್ದೆ. ಊಟ ಮುಗಿಸಿ ಬರುವಷ್ಟರಲ್ಲಿ ನೂರಾರು ಬೂಟುಗಳು ನಡುಮೈದಾನದಲ್ಲಿ ಎಡ ಬಲ, ಎಡ ಬಲ ಎಂದು ತುಳಿಯುತ್ತಿದ್ದವು, ದೊಡ್ಡ ತಮಟೆಯವನು ನನ್ನ ಮೊಳಕೆಯ ಮೇಲೆಯೇ ನಿಂತಿದ್ದ. ನಾನು ಕನ್ನಡದಲ್ಲೇ ಕೂಗಾಡಿದೆನಂತೆ. ಅವರಿಗೆ ಏನು ಅರ್ಥವಾಯಿತೋ, ತುತ್ತೂರಿಗಳು ಒಂದೊಂದಾಗಿ ನಿಂತವು. ತುಳಿದ ಕಡೆ ಮತ್ತೆ ಚುಚ್ಚಿ, ಮತ್ತೆ ನೆನೆಹಾಕಿ, ಮತ್ತೆ ಎರಚಿದೆ. ಆ ಸಲ ಹಗಲೆಲ್ಲ ಗೇಟಿನಲ್ಲೇ ಕೂತು ಊಟವನ್ನೂ ಅಲ್ಲೇ ಮಾಡಿದೆ.

ಹೊರಗಿನ ಮೂರು ಆಟಗಳಲ್ಲಿ ತಂಡ ಒಂದು ಸೋತು ಎರಡು ಗೆದ್ದಿತು. ಲೆಕ್ಕ ಸಮಸಮ. ತಂಡ ಉಳಿಯಬೇಕಾದರೆ ಕೊನೆಯ ಆಟ ಗೆಲ್ಲಲೇಬೇಕು.

ಆಟದ ಹಿಂದಿನ ದಿನ, ಶುಕ್ರವಾರ ಸಂಜೆ, ಬಿಳಿ ಗೆರೆ ಎಳೆದು ಮುಗಿಸಿದ್ದೆ. ಮಳೆಯ ಸೂಚನೆ ಇರಲಿಲ್ಲ. ಕೋಚ್ ಮತ್ತು ಅವರ ಸಹಾಯಕ ಕೋಚ್ ಬಂದರು. ಸಹಾಯಕರು ವಾರವಿಡೀ ಎದುರು ತಂಡದ ಆಟದ ಫಿಲ್ಮ್ ನೋಡಿದ್ದರು. ಅವರಲ್ಲೂ ಒಬ್ಬ ಓಟಗಾರನಿದ್ದಾನೆ, ನಮ್ಮವನಿಗಿಂತ ವೇಗ ಎಂದರು. ಆದರೆ ಅವರ ಮುಂದಿನ ಸಾಲು ಹಗುರ, ನಮ್ಮದು ಭಾರ. ನೆಲ ಕೆಸರಾಗಿದ್ದರೆ ಇಬ್ಬರು ಓಟಗಾರರೂ ಲೆಕ್ಕಕ್ಕಿಲ್ಲ, ತಳ್ಳಾಟದಲ್ಲಿ ನಾವು ಗೆಲ್ಲುತ್ತೇವೆ. ಹೇಳಿ ಮುಗಿಸಿ ಅವರು ಮೈದಾನದ ಮೂಲೆಯಲ್ಲಿದ್ದ ನೀರಿನ ವಾಲ್ವ್ ಕಡೆ ನೋಡಿದರು. ಕೋಚ್ ಸಹ ನೋಡಿದರು.

"ಆಗುತ್ತದೆಯೇ ಪ್ರೊಫೆಸರ್?"

ಸುಳ್ಳು ಯಾಕೆ ಹೇಳಲಿ, ನನ್ನ ಕೈಯೂ ತುರಿಸುತ್ತಿತ್ತು. ಈ ಮನುಷ್ಯನ ತಂಡವನ್ನು ಅರ್ಧ ಮುಳುಗಿಸಿದವನು ನಾನು, ಒಂದು ತಿರುಪಿನಿಂದ ಎತ್ತಿಬಿಡಬಹುದಿತ್ತು.

"ಆಗುತ್ತದೆ," ಎಂದೆ. "ನಾಳೆಯವರೆಗೆ ನೀರು ಬಿಟ್ಟರೆ ಮೇಲಿನ ಪದರ ಮತ್ತೆ ಅಂಬಲಿಯಾಗುತ್ತದೆ. ಹೊಸ ಹುಲ್ಲು ಇನ್ನೂ ಕಾಲೂರಿಲ್ಲ, ಅದು ಉಳಿಯುವುದಿಲ್ಲ. ನೀವು ಹೇಳಿದರೆ ತಿರುಗಿಸುತ್ತೇನೆ."

ಕೋಚ್ ಬಗ್ಗಿ ಅಂಚಿನ ಪಟ್ಟಿಯ ಹುಲ್ಲನ್ನು ಮುಟ್ಟಿದರು, ಹುಡುಗ ಬಟ್ಟೆ ಸುತ್ತಿಕೊಂಡು ತೋಡಿದ್ದ ಜಾಗ ಅದು.

"ನನ್ನ ಹುಡುಗರು ಮಂಡಿಯೂರಿ ಈ ತೂತು ಮಾಡಿದ್ದು ಓಡುವುದಕ್ಕೆ," ಎಂದರು. "ಓಡಲಿ ಬಿಡು."

ಸಹಾಯಕರು ಟೋಪಿ ತೆಗೆದು ನೆಲಕ್ಕೆ ಎಸೆದು ಹೊರಟುಹೋದರು.

ಶನಿವಾರ ತೆಳು ಬಿಸಿಲು, ಮೂವತ್ತೆಂಟು ಡಿಗ್ರಿ ಚಳಿ. ಟ್ರಸ್ಟಿಗಳು ಕಂಬಳಿ ಹೊದ್ದು ಮೇಲಿನ ಸಾಲಿನಲ್ಲಿ ಕೂತಿದ್ದರು. ಹೆಂಡತಿ ಸೀರೆಯ ಮೇಲೆ ನನ್ನ ಹಳೆಯ ಕೋಟು ಹಾಕಿಕೊಂಡು ಬಂದಿದ್ದಳು, ಮೈಸೂರಿನ ಗೆಳೆಯರು ಫ್ಲಾಸ್ಕಿನಲ್ಲಿ ಕಾಫಿ ತಂದಿದ್ದರು. ನಾನು ಆಟ ನೋಡಲಿಲ್ಲ, ಕಾಲುಗಳನ್ನು ನೋಡಿದೆ. ಬೂಟಿನ ಮುಳ್ಳು ಇಳಿಯುತ್ತಿತ್ತು, ಹಿಡಿಯುತ್ತಿತ್ತು, ಶುಭ್ರವಾಗಿ ಮೇಲೆ ಬರುತ್ತಿತ್ತು. ಮೊದಲ ಭಾಗದಲ್ಲೇ ನಮ್ಮ ಹುಡುಗ ಅಂಚಿಗೆ ಹಾರಿದ, ತಾನೇ ತೋಡಿದ ಪಟ್ಟಿಯ ಮೇಲೆ ಕಾಲೂರಿದ, ತಿರುಗಿದ. ಯಾರೂ ಅವನನ್ನು ಹಿಡಿಯಲಿಲ್ಲ. ಜನ ಎದ್ದು ನಿಂತರು. ಹೆಂಡತಿ ನನ್ನ ತೋಳು ಹಿಡಿದು, "ಬೀಳಲಿಲ್ಲ ನೋಡ್ರಿ," ಎಂದಳು. ಮಧ್ಯಂತರದಲ್ಲಿ ಬ್ಯಾಂಡಿನವರು ಮೈದಾನದ ಸುತ್ತಲಿನ ಓಟದ ಟ್ರ್ಯಾಕಿನಲ್ಲೇ ನಿಂತು ಬಾರಿಸಿದರು, ಒಬ್ಬನೂ ಹುಲ್ಲಿನ ಮೇಲೆ ಕಾಲಿಡಲಿಲ್ಲ. ಕೊನೆಯ ಭಾಗ ಮುಗಿಯುತ್ತಾ ಬರುವವರೆಗೂ ನಾವೇ ಮುಂದಿದ್ದೆವು.

ಆಮೇಲೆ ಎದುರಾಳಿಗಳ ಓಟಗಾರನಿಗೆ ಚೆಂಡು ಸಿಕ್ಕಿತು. ಅವನು ಅದೇ ಪಟ್ಟಿಗೆ ಬಂದ. ನಮ್ಮವರಿಬ್ಬರು ಎದುರಿಗಿದ್ದರು. ಅವನು ಎಡಗಾಲು ಊರಿದ. ಜಾರು, ಜಾರು ಎಂದು ನಾನು ಮನಸ್ಸಿನಲ್ಲೇ ಬೇಡಿಕೊಂಡೆ. ನಾನು ಮೊಳಕೆ ಕಟ್ಟಿ ಬೆಳೆಸಿದ ಹುಲ್ಲು ಅವನ ಕಾಲನ್ನೂ ಅಷ್ಟೇ ಗಟ್ಟಿಯಾಗಿ ಹಿಡಿದು ನಿಲ್ಲಿಸಿತು. ಅವನು ತಿರುಗಿದ, ಆಮೇಲೆ ಅವನ ಬೆನ್ನೇ ಕಂಡದ್ದು.

ಸೋತೆವು. ತಂಡ ಹೋಯಿತು.

ಓಟದ ಹುಡುಗ ಹೆಲ್ಮೆಟ್ ಕೈಯಲ್ಲಿ ಹಿಡಿದು ನನ್ನ ಮುಂದೆ ಹಾದುಹೋಗುವಾಗ ನಿಂತ. ನೆಲ ಚೆನ್ನಾಗಿತ್ತು ಸರ್ ಎಂದ. ಮೈಸೂರಿನ ಗೆಳೆಯರು ಅವನ ಕೈಗೆ ಒಂದು ಲೋಟ ಕಾಫಿ ಕೊಟ್ಟರು, ಅವನು ಅದನ್ನು ಅಲ್ಲೇ ನಿಂತು ಕುಡಿದು ಹೋದ. ಡಿಸೆಂಬರ್ ಕಳೆದ ಮೇಲೆ ಅವನು ಕಾಲೇಜಿನಲ್ಲಿ ಕಾಣಲಿಲ್ಲ, ಕಾರಿನ ಕಾರ್ಖಾನೆಗೆ ಸೇರಿದನೆಂದು ಕೇಳಿದೆ. ಟ್ರಸ್ಟಿಗಳ ಸಭೆಯಲ್ಲಿ ಕೋಚ್ ರೋಲರಿನ ಮಾತೂ ಎತ್ತಲಿಲ್ಲ, ವಾಲ್ವಿನ ಮಾತೂ ಎತ್ತಲಿಲ್ಲ. ನನ್ನ ಕೆಲಸ ಉಳಿಯಿತು. ಉಳಿದದ್ದಕ್ಕೆ ಸಮಾಧಾನವಾದದ್ದೂ ನಿಜ, ಆ ಸಮಾಧಾನಕ್ಕೆ ನಾಚಿಕೆಯಾದದ್ದೂ ನಿಜ.

ಮರುವರ್ಷ ಯಾರೂ ತುಳಿಯದ ಆ ಮೈದಾನದಲ್ಲಿ ಹುಲ್ಲು ಬಂದ ಹಾಗೆ ನಾನು ಮತ್ತೆ ಎಲ್ಲೂ ಬೆಳೆಸಿಲ್ಲ. ಖಾಲಿ ಬಿದ್ದಿದೆಯಲ್ಲ, ಭಾನುವಾರ ನಮ್ಮವರೆಲ್ಲ ಸೇರಿ ಕ್ರಿಕೆಟ್ ಆಡೋಣ, ನಡುವೆ ಒಂದು ಪಟ್ಟಿ ರೋಲ್ ಮಾಡಿಕೊಡಿ ಎಂದು ಮೈಸೂರಿನ ಗೆಳೆಯರು ಕೇಳಿದರು. "ಚಾಪಿ ಹಾಸ್ಕೊಂಡು ಆಡ್ರಿ, ರೋಲರ್ ಅಂತ ಮಾತ್ರ ಅನಬ್ಯಾಡ್ರಿ," ಎಂದೆ. ಅವರು ತೆಂಗಿನ ನಾರಿನ ಮ್ಯಾಟು ಹುಡುಕಿ ತಂದರು.

ಆಗಸ್ಟ್‌ನ ಒಂದು ಸಂಜೆ ಕೋಚ್ ಬಂದರು. ಪಕ್ಕದೂರಿನ ಹೈಸ್ಕೂಲಿನಲ್ಲಿ ವ್ಯಾಯಾಮದ ಮೇಷ್ಟ್ರಾಗಿದ್ದರು. ಗೇಟಿನಲ್ಲೇ ಬೂಟು ಬಿಚ್ಚಿಟ್ಟು, ಬರಿಗಾಲಲ್ಲಿ ಒಂದು ಗೋಲ್ ಕಂಬದಿಂದ ಇನ್ನೊಂದರವರೆಗೆ ನಡೆದು ಬಂದರು. ನನ್ನ ಜೇಬಿನಿಂದ ಸ್ಕ್ರೂಡ್ರೈವರ್ ತೆಗೆದುಕೊಂಡು ಅಂಚಿನ ಪಟ್ಟಿಯ ಬಳಿ ಕೂತು ಚುಚ್ಚಿದರು. ಹಿಡಿಯವರೆಗೂ ಇಳಿಯಿತು. ಅದರ ಮೇಲೆ ಅಂಗೈ ಊರಿ ಸ್ವಲ್ಪ ಹೊತ್ತು ಕೂತೇ ಇದ್ದರು. ಹೋದ ವರ್ಷ ಈ ಹೊತ್ತಿಗೆ ಹೀಗಿದ್ದಿದ್ದರೆ ಎಂದು ಅವರು ಹೇಳಲಿಲ್ಲ. ಹೇಳಿದ್ದರೂ ನನಗೆ ಹೊಸದಾಗಿರುತ್ತಿರಲಿಲ್ಲ, ಚಳಿಗಾಲವಿಡೀ ಹಿಮ ಗೋರುತ್ತಾ ನನಗೆ ನಾನೇ ಹೇಳಿಕೊಂಡಿದ್ದ ಮಾತು ಅದು.

ಹುಲ್ಲಿಗೆ ನೀರು ಬಿಡುವ ಹೊತ್ತಾಗಿತ್ತು. ನಾನು ಮೂಲೆಯ ವಾಲ್ವ್ ಕಡೆ ಹೊರಟೆ. ಅವರು ಎದ್ದು ಬಂದು ನನ್ನ ಮುಂದೆ ನಿಂತರು.

"ನಾನು ತಿರುಗಿಸಲೇ?" ಎಂದು ಕೇಳಿದರು.

ಜಾಗ ಬಿಟ್ಟೆ. ಅವರು ಎರಡೂ ಕೈಯಿಂದ ವಾಲ್ವ್ ಹಿಡಿದು ತಿರುಗಿಸಿದರು. ಪೈಪಿನೊಳಗಿನ ಗಾಳಿ ಕೆಮ್ಮಿತು, ನೀರು ಬಂತು. ಪಟ್ಟಿ ಪೂರ್ತಿ ನೆನೆಯುವವರೆಗೂ ಇಬ್ಬರೂ ಅಲ್ಲೇ ನಿಂತಿದ್ದೆವು.